ಅಮ್ಮನಿಗೆ ಮಾರ್ಫಿನ್, ಅದೇ ಮನೆಯಲ್ಲಿ ಚಟ ಬಿಟ್ಟು ಬಂದ ತಮ್ಮ: ಯಾರ ಬಗ್ಗೆ ಎಷ್ಟು ಹೆದರಬೇಕು?

ಪ್ರಶ್ನೆ: ಡಾಕ್ಟ್ರೇ, ನಮ್ಮ ಅಮ್ಮನಿಗೆ 61 ವರ್ಷ. ಸ್ತನ ಕ್ಯಾನ್ಸರ್ ಬೆನ್ನುಮೂಳೆಗೂ ಸೊಂಟಕ್ಕೂ ಹರಡಿದೆ. ಕಳೆದ ತಿಂಗಳು ಆಸ್ಪತ್ರೆಯಲ್ಲಿ 10 ಮಿಲಿಗ್ರಾಂ ಮಾರ್ಫಿನ್ ಮಾತ್ರೆ ಬರೆದು, ನಾಲ್ಕು ಗಂಟೆಗೊಂದು ಕೊಡಿ ಅಂದರು. ನಮ್ಮ ಭಾವ, ‘ಮಾರ್ಫಿನ್ ಶುರು ಮಾಡಿದ್ರೆ ಮುಗೀತು ಅಂತ ಅರ್ಥ’ ಅನ್ನುತ್ತಾರೆ. ಪಕ್ಕದ ಮನೆಯವರು ಅಮೆರಿಕದ ಯಾವುದೋ ವಿಡಿಯೊ ತೋರಿಸಿ, ಚಟ ಹತ್ತುತ್ತೆ, ಉಸಿರೇ ನಿಂತುಹೋಗುತ್ತೆ ಅಂದರು. ಭಯಕ್ಕೆ ನಾನು ನೋವು ತಡೆಯೋಕೆ ಆಗದಿದ್ದಾಗ ಮಾತ್ರ ಅರ್ಧ ಮಾತ್ರೆ ಕೊಡುತ್ತಿದ್ದೇನೆ. ಅಮ್ಮ ರಾತ್ರಿಯೆಲ್ಲ ನರಳುತ್ತಾರೆ. ಇನ್ನೊಂದು ವಿಷಯ ಹೇಳೋಕೆ ಸಂಕೋಚ. ನನ್ನ ತಮ್ಮನಿಗೆ 23. ನೋವಿನ ಮಾತ್ರೆ ಪುಡಿ ಮಾಡಿ ಇಂಜೆಕ್ಷನ್ ತಗೊಳ್ಳುವ ಚಟ ಇತ್ತು. ಮೂರು ತಿಂಗಳು ವ್ಯಸನ ಬಿಡಿಸುವ ಕೇಂದ್ರದಲ್ಲಿದ್ದು, ಆರು ವಾರದ ಹಿಂದೆ ಮನೆಗೆ ಬಂದಿದ್ದಾನೆ. ಈಗ ಚೆನ್ನಾಗಿದ್ದಾನೆ, ಯಾವ ಔಷಧಿಯೂ ಇಲ್ಲ. ನಮ್ಮದು ಎರಡೇ ರೂಮಿನ ಮನೆ. ಮಾತ್ರೆ ಎಲ್ಲಿಡಲಿ? ಯಾರಾದರೂ ಜಾಸ್ತಿ ತಗೊಂಡರೆ ಏನು ಮಾಡಬೇಕು? ಹಾಗಾದಾಗ ಕೊಡುವ ನ್ಯಾಲಾಕ್ಸೋನ್ ಅನ್ನುವ ಇಂಜೆಕ್ಷನ್ ಮನೆಯಲ್ಲಿ ಇಟ್ಟುಕೊಳ್ಳಬಹುದಾ? ತಮ್ಮನಿಗೆ ಮಾತ್ರೆಯ ವಿಷಯ ಹೇಳಬೇಕಾ, ಮುಚ್ಚಿಡಬೇಕಾ?
(ಓದುಗರು, ದಾಸರಹಳ್ಳಿ, ಬೆಂಗಳೂರು)

ಉತ್ತರ: ಬೆಂಗಳೂರಿನಲ್ಲಿ ಕ್ಯಾನ್ಸರ್ ರೋಗಿಗಳ ನೋವು ನೋಡಿಕೊಳ್ಳುವುದೇ ನನ್ನ ಕೆಲಸ. ನಿಮ್ಮಂಥ ಮಗಳಂದಿರನ್ನು, ಸೊಸೆಯರನ್ನು ದಿನಾ ನೋಡುತ್ತೇನೆ. ಆದ್ದರಿಂದ ನೇರವಾಗಿ ಹೇಳುತ್ತೇನೆ, ಬೇಜಾರು ಮಾಡ್ಕೋಬೇಡಿ. ಅಮ್ಮನ ಬಗ್ಗೆ ನೀವು ಬೇಕಾದ್ದಕ್ಕಿಂತ ಜಾಸ್ತಿ ಹೆದರಿದ್ದೀರಿ. ತಮ್ಮನ ಬಗ್ಗೆ ಬೇಕಾದಷ್ಟು ಹೆದರಿಲ್ಲ. ‘ಈಗ ಚೆನ್ನಾಗಿದ್ದಾನೆ, ಯಾವ ಔಷಧಿಯೂ ಇಲ್ಲ’ ಎಂದು ಒಂದೇ ಸಾಲಿನಲ್ಲಿ ಬರೆದು ಮುಂದೆ ಹೋಗಿದ್ದೀರಿ. ನಿಮ್ಮ ಪತ್ರದಲ್ಲಿ ನನಗೆ ಆತಂಕವಾದದ್ದು ಆ ಸಾಲೇ. ಅದಕ್ಕೆ ಆಮೇಲೆ ಬರುತ್ತೇನೆ. ಮೊದಲು ಅಮ್ಮನ ನೋವು.

ಮಾರ್ಫಿನ್, ಫೆಂಟನಿಲ್, ಟ್ರಮಡಾಲ್, ಟ್ಯಾಪೆಂಟಡಾಲ್, ಕೆಲವು ಕೆಮ್ಮಿನ ಸಿರಪ್‌ಗಳಲ್ಲಿರುವ ಕೊಡೀನ್, ಬೀದಿಯಲ್ಲಿ ಮಾರುವ ಹೆರಾಯಿನ್. ಇವೆಲ್ಲ ಒಪಿಯಾಯ್ಡ್ ಎಂಬ ಒಂದೇ ಗುಂಪಿನವು. ಕೆಲವು ಅಫೀಮಿನಿಂದ ಬರುತ್ತವೆ, ಕೆಲವನ್ನು ಫ್ಯಾಕ್ಟರಿಯಲ್ಲಿ ತಯಾರಿಸುತ್ತಾರೆ. ಮಿದುಳು, ಬೆನ್ನುಹುರಿ, ಕರುಳು, ಈ ಮೂರೂ ಕಡೆ ಇವು ಹೋಗಿ ಕೂರುವ ಜಾಗಗಳಿವೆ. ಬೆನ್ನುಹುರಿಯಲ್ಲಿ ಕೂತರೆ ನೋವಿನ ಸುದ್ದಿ ಮೇಲಕ್ಕೆ ಹೋಗುವುದು ಕಮ್ಮಿಯಾಗುತ್ತದೆ. ಕರುಳಿನಲ್ಲಿ ಕೂತರೆ ಮಲ ಕಟ್ಟುತ್ತದೆ. ಮಿದುಳಿನ ಬುಡದಲ್ಲಿ ಉಸಿರಾಟ ನಡೆಸುವ ಭಾಗವಿದೆ. ರಕ್ತದಲ್ಲಿ ಇಂಗಾಲದ ಡೈಆಕ್ಸೈಡ್ ಏರಿದ ಕೂಡಲೇ ‘ಉಸಿರು ಎಳಿ’ ಎಂದು ಹೇಳುವುದು ಅದೇ. ಔಷಧಿ ತುಂಬಾ ಜಾಸ್ತಿಯಾದರೆ ಆ ಭಾಗ ಮಂಕಾಗುತ್ತದೆ. ಆಗ ಮನುಷ್ಯ ಒದ್ದಾಡುವುದಿಲ್ಲ, ಕೂಗುವುದಿಲ್ಲ. ನಿದ್ದೆ ಮಾಡುವವರ ಹಾಗೆ ಬಿದ್ದಿರುತ್ತಾರೆ, ಉಸಿರು ನಿಧಾನವಾಗುತ್ತಾ ಹೋಗುತ್ತದೆ. ಪಕ್ಕದಲ್ಲೇ ಇದ್ದವರಿಗೂ ಗೊತ್ತಾಗದೆ ಹೋಗುವುದು ಇದಕ್ಕೇ.

ಹಾಗಾದರೆ ಅಮ್ಮನಿಗೂ ಹೀಗೇ ಆಗುತ್ತದಲ್ಲ ಎಂದು ನಿಮಗೆ ಅನ್ನಿಸಬಹುದು. ಡಾಕ್ಟರ್ ಹೇಳಿದ ಅಳತೆಯಲ್ಲಿ, ಹೇಳಿದ ಹೊತ್ತಿಗೆ ಕೊಟ್ಟರೆ ಹಾಗಾಗುವುದು ಬಹಳ ಅಪರೂಪ. ಕಮ್ಮಿ ಡೋಸಿನಿಂದ ಶುರು ಮಾಡುತ್ತೇವೆ. ನೋವು ನೋಡಿಕೊಂಡು ಸ್ವಲ್ಪ ಸ್ವಲ್ಪವೇ ಏರಿಸುತ್ತೇವೆ. ಉಸಿರಾಟದ ಮೇಲಿನ ಪರಿಣಾಮಕ್ಕೆ ಮೈ ಅಷ್ಟರಲ್ಲಿ ಒಗ್ಗಿಕೊಂಡಿರುತ್ತದೆ. ಅದೂ ಅಲ್ಲದೆ, ಉಸಿರು ಮಂಕಾಗುವ ಮೊದಲು ಮಂಪರು ಬಂದೇ ಬರುತ್ತದೆ. ಮಂಪರು ಕಣ್ಣಿಗೆ ಕಾಣುತ್ತದೆ, ಆದ್ದರಿಂದ ಎಚ್ಚೆತ್ತುಕೊಳ್ಳಲು ಸಮಯ ಸಿಗುತ್ತದೆ.

‘ಮಾರ್ಫಿನ್ ಅಂದರೆ ಮುಗೀತು’ ಎಂಬ ಮಾತು

ನಿಮ್ಮ ಭಾವ ಹೇಳಿದ್ದನ್ನು ಪ್ರತಿ ವಾರ ಒಬ್ಬರಲ್ಲ ಒಬ್ಬರು ನನ್ನೆದುರು ಹೇಳುತ್ತಾರೆ. ಇದು ಹುಟ್ಟಿದ್ದಕ್ಕೆ ಕಾರಣವೂ ಇದೆ. ನಮ್ಮಲ್ಲಿ ಹಿಂದೆ ಮಾರ್ಫಿನ್ ಸಿಗುತ್ತಿದ್ದುದೇ ಕೊನೆಯ ದಿನಗಳಲ್ಲಿ. ಕೊಟ್ಟ ನಾಲ್ಕು ದಿನಕ್ಕೆ ಮನುಷ್ಯ ಹೋದರೆ ಜನ ಔಷಧಿಯ ಮೇಲೆ ಹೇಳುತ್ತಾರೆ, ಕಾಯಿಲೆಯ ಮೇಲಲ್ಲ. ನಿಜವಾಗಿ ಮಾರ್ಫಿನ್ ಕೊಡುವುದು ನೋವು ಎಷ್ಟಿದೆ ಎಂದು ನೋಡಿ. ಆಯುಸ್ಸು ಎಷ್ಟು ಉಳಿದಿದೆ ಎಂದು ನೋಡಿ ಅಲ್ಲ. ತಿಂಗಳುಗಟ್ಟಲೆ ತೆಗೆದುಕೊಂಡು ಅಡುಗೆ ಮಾಡಿಕೊಂಡು, ಮೊಮ್ಮಕ್ಕಳನ್ನು ಸ್ಕೂಲಿಗೆ ಬಿಟ್ಟು ಬರುವವರು ನಮ್ಮ ಓಪಿಡಿಯಲ್ಲಿದ್ದಾರೆ. ಸರಿಯಾಗಿ ಕೊಟ್ಟ ಮಾರ್ಫಿನ್ ಆಯುಸ್ಸು ಕಮ್ಮಿ ಮಾಡುವುದಿಲ್ಲ. ನಿದ್ದೆಯಿಲ್ಲದೆ, ಊಟವಿಲ್ಲದೆ, ಒಂದೇ ಮಗ್ಗುಲಲ್ಲಿ ನರಳುತ್ತಾ ಮಲಗುವುದು ಮಾತ್ರ ಮೈಯನ್ನು ಬೇಗ ಸೋಲಿಸುತ್ತದೆ.

ಅಮೆರಿಕದ ವಿಡಿಯೊ ಸುಳ್ಳಲ್ಲ. 2022ರಲ್ಲಿ ಅಲ್ಲಿ ಡ್ರಗ್ ಓವರ್‌ಡೋಸ್‌ನಿಂದ ಸತ್ತವರು 1 ಲಕ್ಷಕ್ಕೂ ಹೆಚ್ಚು. ಅವರಲ್ಲಿ ಹೆಚ್ಚಿನವರು ಹೋದದ್ದು ಕಳ್ಳತನದಲ್ಲಿ ತಯಾರಾದ ಫೆಂಟನಿಲ್‌ನಂಥ ಒಪಿಯಾಯ್ಡ್‌ಗಳಿಂದ. 1990ರ ದಶಕದಲ್ಲಿ ಅಲ್ಲಿ ಸೊಂಟನೋವು, ಮಂಡಿನೋವಿಗೆಲ್ಲ ಒಪಿಯಾಯ್ಡ್ ಮಾತ್ರೆಗಳನ್ನು ಧಾರಾಳವಾಗಿ ಬರೆದರು. ಆಮೇಲೆ ಹೆರಾಯಿನ್ ಬಂತು, ಅದರ ಹಿಂದೆ ಕಳ್ಳ ಫೆಂಟನಿಲ್ ಬಂತು. ನಮ್ಮ ಕಥೆ ಇದಕ್ಕೆ ಪೂರ್ತಿ ಉಲ್ಟಾ. ಮಧ್ಯಪ್ರದೇಶ, ರಾಜಸ್ಥಾನ, ಉತ್ತರಪ್ರದೇಶದಲ್ಲಿ ಸರ್ಕಾರದ ಲೈಸೆನ್ಸ್ ಪಡೆದು ಅಫೀಮು ಬೆಳೆಯುವ ದೇಶ ನಮ್ಮದು. ಆದರೆ ಮಾದಕ ವಸ್ತುಗಳನ್ನು ನಿಯಂತ್ರಿಸುವ 1985ರ ಎನ್‌ಡಿಪಿಎಸ್ ಕಾಯ್ದೆ ಬಂದ ಮೇಲೆ ಲೈಸೆನ್ಸು, ರಿಜಿಸ್ಟರುಗಳ ಗೋಜಲಿಗೆ ಹೆದರಿ ಎಷ್ಟೋ ಆಸ್ಪತ್ರೆಗಳು ಮಾರ್ಫಿನ್ ಇಡುವುದನ್ನೇ ಬಿಟ್ಟವು. ಕ್ಯಾನ್ಸರ್ ರೋಗಿಗಳು ನೋವಿನಲ್ಲೇ ಸತ್ತರು. 2014ರ ತಿದ್ದುಪಡಿಯಲ್ಲಿ ಮಾರ್ಫಿನ್, ಫೆಂಟನಿಲ್, ಮೆಥಡೋನ್ ಸೇರಿ ಆರು ಔಷಧಿಗಳಿಗೆ ನಿಯಮ ಸರಳ ಮಾಡಿದರು. ನಿಮ್ಮ ಕೈಗೆ ಆ ಮಾತ್ರೆ ಬಂದಿರುವುದರ ಹಿಂದೆ ತುಂಬಾ ಜನರ ವರ್ಷಗಟ್ಟಲೆ ಹೋರಾಟವಿದೆ. ಅದು ಡಬ್ಬಿಯಲ್ಲೇ ಉಳಿದರೆ ನನಗೆ ಸಂಕಟವಾಗುತ್ತದೆ.

ಇನ್ನು ಚಟದ ಮಾತು. ಕೆಲವು ವಾರ ಮಾರ್ಫಿನ್ ತೆಗೆದುಕೊಂಡ ಯಾರದೇ ಮೈ ಅದಕ್ಕೆ ಒಗ್ಗುತ್ತದೆ. ದಿಢೀರ್ ನಿಲ್ಲಿಸಿದರೆ ಮೂಗು ಸೋರುವುದು, ಆಕಳಿಕೆ, ಬೆವರು, ಹೊಟ್ಟೆ ಹಿಂಡುವುದು, ಭೇದಿ ಶುರುವಾಗುತ್ತದೆ. ಇದನ್ನು ಚಟ ಅನ್ನುವುದಿಲ್ಲ. ದಿನಾ ತಗೊಳ್ಳುವ ಬಿ.ಪಿ. ಮಾತ್ರೆಗಳಲ್ಲೂ ಕೆಲವನ್ನು ಏಕಾಏಕಿ ನಿಲ್ಲಿಸುವ ಹಾಗಿಲ್ಲ, ಹಾಗಂತ ಅದಕ್ಕೆ ಚಟ ಹತ್ತಿದೆ ಅನ್ನುತ್ತೇವಾ? ನೋವು ಕಮ್ಮಿಯಾದರೆ ಡೋಸು ಮೆಲ್ಲಗೆ ಇಳಿಸಿ ನಿಲ್ಲಿಸಬಹುದು. ಚಟ ಅಂದರೆ ಬೇರೆ. ಮನೆ, ಕೆಲಸ, ಆರೋಗ್ಯ ಎಲ್ಲ ಹಾಳಾಗುತ್ತಿದ್ದರೂ ಅದರ ಹಿಂದೆಯೇ ಓಡುವ ಸ್ಥಿತಿ. ಕ್ಯಾನ್ಸರ್ ನೋವಿಗೆ ನಾಲ್ಕು ಗಂಟೆಗೊಮ್ಮೆ ಅಳೆದು ತಗೊಳ್ಳುವ 61 ವರ್ಷದ ತಾಯಿಗೆ ಹಾಗಾಗುವುದು ತೀರಾ ವಿರಳ.

ಅರ್ಧ ಮಾತ್ರೆ, ಅದೂ ತಡೆಯೋಕೆ ಆಗದಿದ್ದಾಗ ಮಾತ್ರ

ನೀವು ಪ್ರೀತಿಯಿಂದಲೇ ಹೀಗೆ ಮಾಡುತ್ತಿದ್ದೀರಿ. ಆದರೆ ಇದರಿಂದ ನೋವೂ ಹೋಗುವುದಿಲ್ಲ, ಔಷಧಿಗೂ ಕೆಟ್ಟ ಹೆಸರು. ಈ ಮಾತ್ರೆಯ ಕೆಲಸ ಸುಮಾರು ನಾಲ್ಕು ಗಂಟೆ ಮಾತ್ರ. ನೋವು ಪೂರ್ತಿ ಏರಿದ ಮೇಲೆ ಕೊಟ್ಟರೆ ಅದನ್ನು ಇಳಿಸಲು ಜಾಸ್ತಿ ಔಷಧಿ ಬೇಕು. ನೋವು ಬರುವ ಮೊದಲೇ ಕೊಟ್ಟರೆ ಕಮ್ಮಿ ಸಾಕು. ಆದರೂ ನಾಳೆಯಿಂದ ನೀವೇ 10 ಮಿಲಿಗ್ರಾಂಗೆ ಏರಿಸಬೇಡಿ. ಅಮ್ಮನ ಮೈ ಈಗ ಅದಕ್ಕೆ ಒಗ್ಗಿಲ್ಲ. ಮುಂದಿನ ಓಪಿಡಿವರೆಗೂ ಕಾಯದೆ ನಾಳೆ ಬೆಳಿಗ್ಗೆಯೇ ಅದೇ ವಿಭಾಗಕ್ಕೆ ಫೋನ್ ಮಾಡಿ, ‘ಇಷ್ಟು ದಿನ ಹೀಗೆ ಕೊಟ್ಟೆ’ ಅಂತ ಇದ್ದದ್ದು ಇದ್ದ ಹಾಗೆ ಹೇಳಿ. ಯಾರೂ ಬೈಯುವುದಿಲ್ಲ. ಬಹುಶಃ 5 ಮಿಲಿಗ್ರಾಂನಿಂದ, ನಾಲ್ಕು ಗಂಟೆಗೊಮ್ಮೆ ಎಂದು ಶುರು ಮಾಡಿಸಿ ಮೇಲೇರಿಸುತ್ತಾರೆ.

ಒಂದು ನೋಟ್‌ಬುಕ್ ಇಡಿ. ನಮ್ಮಲ್ಲಿ ಬರುವ ಒಬ್ಬ ಸೊಸೆ ಮಗನ ಹಳೇ ಕಾಪಿ ಪುಸ್ತಕದ ಉಳಿದ ಹಾಳೆಗಳಲ್ಲೇ ಗೆರೆ ಎಳೆದುಕೊಂಡಿದ್ದಾರೆ. ಬೆಳಿಗ್ಗೆ 6, 10, ಮಧ್ಯಾಹ್ನ 2, ಸಂಜೆ 6, ರಾತ್ರಿ 10. ಪ್ರತಿ ಸಲಕ್ಕೂ ನೋವಿಗೆ ಹತ್ತರಲ್ಲಿ ಎಷ್ಟು ಅಂಕ, ಮಂಪರು ಇದೆಯಾ, ಮಲ ಹೋಯಿತಾ, ಡಬ್ಬಿಯಲ್ಲಿ ಎಷ್ಟು ಮಾತ್ರೆ ಉಳಿದಿದೆ ಎಂಬ ನಾಲ್ಕು ಕಾಲಂ. ಆ ಪುಟ ನೋಡಿದರೆ ಸಾಕು, ನನಗೆ ಇನ್ನೇನೂ ಕೇಳಬೇಕಾಗುವುದಿಲ್ಲ. ರಾತ್ರಿ 2 ಗಂಟೆಗೆ ಎಬ್ಬಿಸುವುದು ಬೇಡ ಅಂತ ರಾತ್ರಿ 10ರ ಡೋಸನ್ನು ಎರಡರಷ್ಟು ಬರೆಯುವುದುಂಟು. ಡಾಕ್ಟರ್ ಹಾಗೆ ಬರೆದಿದ್ದರೆ ಮಾತ್ರ ಕೊಡಿ. ಒಂದು ಹೊತ್ತು ಮರೆತರೆ ಮುಂದಿನ ಸಲ ಸೇರಿಸಿ ಎರಡು ಕೊಡಬೇಡಿ. ಮಧ್ಯದಲ್ಲಿ ಏಕಾಏಕಿ ನೋವು ಬಂದರೆ ಕೊಡಬೇಕಾದ ಹೆಚ್ಚುವರಿ ಡೋಸ್ ಎಷ್ಟು ಅಂತ ಮೊದಲೇ ಕೇಳಿ ಬರೆಸಿಕೊಳ್ಳಿ.

ಮೊದಲ ಎರಡು ಮೂರು ದಿನ ತೂಕಡಿಕೆ, ಸ್ವಲ್ಪ ವಾಕರಿಕೆ ಸಹಜ. ಎಷ್ಟೋ ರಾತ್ರಿಗಳ ನಿದ್ದೆಯೂ ಬಾಕಿ ಇರುತ್ತದಲ್ಲ. ಅದು ಹೋಗುತ್ತದೆ. ಮಲಬದ್ಧತೆ ಮಾತ್ರ ಹೋಗುವುದಿಲ್ಲ. ಮಾರ್ಫಿನ್ ಇರುವಷ್ಟು ದಿನವೂ ಮಲ ಸಡಿಲ ಮಾಡುವ ಮಾತ್ರೆಯೋ ಸಿರಪ್ಪೋ ಇರಲೇಬೇಕು. ಬಾಳೆಹಣ್ಣು, ಬಿಸಿನೀರು ಸಾಕಾಗುವುದಿಲ್ಲ. ಮಾರ್ಫಿನ್ ಬಿಟ್ಟುಬಿಟ್ಟೆವು ಅನ್ನುವವರನ್ನು ಕೂರಿಸಿ ಕೇಳಿದರೆ ಬಹಳ ಸಲ ಕಾರಣ ಇದೊಂದೇ ಆಗಿರುತ್ತದೆ.

ಯಾವಾಗ ಎಚ್ಚರ ಬೇಕು ಅಂದರೆ, ಅಲ್ಲಿಯವರೆಗೆ ಸರಿಹೋಗುತ್ತಿದ್ದ ಡೋಸೇ ಒಮ್ಮೆಲೇ ಜಾಸ್ತಿಯಾಗುವ ಸಂದರ್ಭಗಳಿವೆ. ಕಿಡ್ನಿ ಕೆಲಸ ಕಮ್ಮಿಯಾದರೆ ಮಾರ್ಫಿನ್‌ನಿಂದ ಹುಟ್ಟುವ ಅಂಶಗಳು ಹೊರಗೆ ಹೋಗದೆ ಮೈಯಲ್ಲೇ ಸೇರಿಕೊಳ್ಳುತ್ತವೆ. ವಾಂತಿ ಭೇದಿಯಾಗಿ ನೀರು ಕಮ್ಮಿಯಾದಾಗ, ಮೂತ್ರ ಕಮ್ಮಿ ಹೋಗುತ್ತಿರುವಾಗ ಇದನ್ನು ನೆನಪಿಡಿ. ಮೂಳೆಗೆ ರೇಡಿಯೇಷನ್ ಕೊಡಿಸಿದ ಮೇಲೆ ಕೆಲವು ವಾರದಲ್ಲಿ ನೋವು ಇಳಿಯುತ್ತದೆ, ಆಗಲೂ ಹಳೇ ಡೋಸು ಮುಂದುವರಿದರೆ ಮಂಪರು ಜಾಸ್ತಿಯಾಗುತ್ತದೆ. ಕೈಕಾಲು ಆಗಾಗ ಜುಮ್ಮೆಂದು ಎಗರುವುದು, ಇಲ್ಲದ್ದು ಕಾಣುವುದು, ಮಾತು ತಡವರಿಸುವುದು, ಊಟದ ಮಧ್ಯದಲ್ಲೇ ನಿದ್ದೆಗೆ ಜಾರುವುದು. ಇಂಥದ್ದು ಕಂಡ ದಿನವೇ ಫೋನ್ ಮಾಡಿ. ಕಣ್ಣಿನ ಪಾಪೆ ಸೂಜಿಮೊನೆಯಷ್ಟಾಗಿದೆ ಎಂದು ಮಾತ್ರ ಗಾಬರಿ ಬೇಡ. ದಿನಾ ಮಾರ್ಫಿನ್ ತಗೊಳ್ಳುವ ಎಲ್ಲರಿಗೂ ಹಾಗಿರುತ್ತದೆ.

ಮುಂದೆ ಅಮ್ಮನಿಗೆ ನುಂಗಲು ಕಷ್ಟವಾದರೆ ಫೆಂಟನಿಲ್ ಪ್ಯಾಚ್ ಹಚ್ಚಲು ಹೇಳಬಹುದು. ಅದನ್ನು ಸಾಮಾನ್ಯವಾಗಿ 72 ಗಂಟೆಗೊಮ್ಮೆ ಬದಲಿಸುವುದು. ಅದರ ಮೇಲೆ ಬಿಸಿನೀರಿನ ಚೀಲ ಇಡಲೇಬೇಡಿ, ಕಾವು ತಗುಲಿದರೆ ಔಷಧಿ ಒಂದೇ ಸಲಕ್ಕೆ ಜಾಸ್ತಿ ಒಳಗೆ ಹೋಗುತ್ತದೆ. ಜೋರು ಜ್ವರ ಬಂದರೂ ಹಾಗೇ, ಡಾಕ್ಟರಿಗೆ ತಿಳಿಸಿ. ತೆಗೆದ ಪ್ಯಾಚಿನಲ್ಲೂ ಔಷಧಿ ಉಳಿದಿರುತ್ತದೆ. ಅಂಟುವ ಭಾಗ ಒಳಗೆ ಬರುವ ಹಾಗೆ ಮಡಚಿ, ಮಕ್ಕಳ ಕೈಗೂ ತಮ್ಮನ ಕೈಗೂ ಸಿಗದಂತೆ ಇಟ್ಟು ಆಸ್ಪತ್ರೆಗೆ ವಾಪಸ್ ಕೊಡಿ.

ಈಗ ತಮ್ಮನ ವಿಷಯ

2019ರಲ್ಲಿ ದೆಹಲಿಯ ಏಮ್ಸ್ ನಡೆಸಿದ ರಾಷ್ಟ್ರೀಯ ಸಮೀಕ್ಷೆಯ ವರದಿ ಬಂತು. ಅದರ ಪ್ರಕಾರ ದೇಶದಲ್ಲಿ ಸುಮಾರು 2.26 ಕೋಟಿ ಜನ ಒಪಿಯಾಯ್ಡ್ ಬಳಸುತ್ತಾರೆ. ಟ್ರಮಡಾಲ್ ದುರ್ಬಳಕೆ ಜಾಸ್ತಿಯಾಗಿ ಅದನ್ನು 2018ರಲ್ಲಿ ಎನ್‌ಡಿಪಿಎಸ್ ಕಾಯ್ದೆಯ ಕೆಳಗೆ ತಂದರು. ಬೆಂಗಳೂರಿನಲ್ಲಿ ಈಚೆಗೆ ಹುಡುಗರು ಟ್ಯಾಪೆಂಟಡಾಲ್ ಮಾತ್ರೆ ಪುಡಿ ಮಾಡಿ ನೀರಲ್ಲಿ ಕಲಸಿ ನರಕ್ಕೆ ಚುಚ್ಚಿಕೊಳ್ಳುವುದನ್ನು ನೋಡುತ್ತಿದ್ದೇವೆ. ನಿಮ್ಮ ತಮ್ಮ ಒಬ್ಬನೇ ಅಲ್ಲ, ನಿಮ್ಮ ಮನೆಯೊಂದೇ ಅಲ್ಲ. ಸಂಕೋಚ ಬಿಡಿ. ಮಾತ್ರೆಯ ಪುಡಿ ರಕ್ತನಾಳ ಕಟ್ಟಿಸುತ್ತದೆ, ಹುಣ್ಣು ಮಾಡುತ್ತದೆ. ಸೂಜಿ ಹಂಚಿಕೊಂಡಿದ್ದರೆ ಎಚ್‌ಐವಿ, ಹೆಪಟೈಟಿಸ್ ಬಿ ಮತ್ತು ಸಿ ಪರೀಕ್ಷೆ ಆಗಲೇಬೇಕು. ಮಾಡಿಸಿಲ್ಲದಿದ್ದರೆ ಮಾಡಿಸಿ.

ನನಗೆ ಆತಂಕ ಯಾಕೆ ಅಂತ ಹೇಳುತ್ತೇನೆ. ಚಟದಲ್ಲಿದ್ದಾಗ ಅವನ ಮೈ ದೊಡ್ಡ ಡೋಸಿಗೆ ಒಗ್ಗಿತ್ತು. ಮೂರು ತಿಂಗಳು ಬಿಟ್ಟಿದ್ದರಿಂದ ಆ ಶಕ್ತಿ ಹೋಗಿಬಿಟ್ಟಿದೆ. ಆದರೆ ಆಸೆ ಹೋಗಿರುವುದಿಲ್ಲ. ಮನಸ್ಸಿಗೆ ನೆನಪಿರುವುದು ಹಳೇ ಅಳತೆ. ಒಂದು ಸಂಜೆ ಹಳೇ ಗೆಳೆಯ ಸಿಕ್ಕಿ, ಅಥವಾ ಅಮ್ಮನ ನರಳಾಟ ನೋಡಲಾರದೆ, ಹಿಂದೆ ತಗೊಳ್ಳುತ್ತಿದ್ದಷ್ಟನ್ನೇ ತಗೊಂಡರೆ ಅದೇ ಸಾವಿಗೆ ಸಾಕು. ವ್ಯಸನಮುಕ್ತಿ ಕೇಂದ್ರದಿಂದಲೋ ಜೈಲಿನಿಂದಲೋ ಹೊರಬಂದ ಮೊದಲ ಕೆಲವು ವಾರಗಳಲ್ಲಿ ಓವರ್‌ಡೋಸ್ ಸಾವು ಅತಿ ಹೆಚ್ಚು ಎಂದು ಬೇರೆ ಬೇರೆ ದೇಶಗಳಲ್ಲಿ ಮತ್ತೆ ಮತ್ತೆ ಕಂಡಿದೆ. ನಿಮ್ಮ ತಮ್ಮ ಅದೇ ಅವಧಿಯಲ್ಲಿದ್ದಾನೆ, ಅವನ ತಲೆಯ ಪಕ್ಕದಲ್ಲೇ ಮಾರ್ಫಿನ್ ಡಬ್ಬಿ ಇದೆ.

‘ಬಿಡಿಸಿಕೊಂಡು ಬಂದಿದ್ದಾನೆ, ಇನ್ನು ಮನಸ್ಸು ಗಟ್ಟಿ ಮಾಡಿಕೊಂಡರೆ ಸಾಕು’ ಎಂದು ಮನೆಯವರೂ, ಕೆಲವು ಕೇಂದ್ರಗಳವರೂ ಹೇಳುತ್ತಾರೆ. ಇದನ್ನು ನಾನು ಒಪ್ಪುವುದಿಲ್ಲ. ಒಪಿಯಾಯ್ಡ್ ಚಟಕ್ಕೆ ಔಷಧಿ ಇದೆ, ಆ ಔಷಧಿ ಜೀವ ಉಳಿಸುತ್ತದೆ. ಮುಖ್ಯವಾದದ್ದು ಬ್ಯುಪ್ರಿನಾರ್ಫಿನ್, ನಮ್ಮಲ್ಲಿ ಹೆಚ್ಚಾಗಿ ನ್ಯಾಲಾಕ್ಸೋನ್ ಬೆರೆತ ರೂಪದಲ್ಲಿ ನಾಲಿಗೆ ಕೆಳಗೆ ಇಡುವ ಮಾತ್ರೆ. ಅದೂ ಒಪಿಯಾಯ್ಡೇ, ಆದರೆ ಅರ್ಧ ಕೆಲಸ ಮಾಡುವಂಥದ್ದು. ಆಸೆಯನ್ನು, ಮೈನೋವನ್ನು ತಡೆಯುತ್ತದೆ. ಒಂದು ಮಟ್ಟದ ಮೇಲೆ ಉಸಿರನ್ನು ಕುಗ್ಗಿಸುವುದಿಲ್ಲ. ‘ಒಂದು ಚಟದ ಬದಲು ಇನ್ನೊಂದು’ ಎಂಬ ಟೀಕೆ ಇದಕ್ಕಿದೆ. ಆದರೆ ಇಂಥ ಚಿಕಿತ್ಸೆಯಲ್ಲಿ ಇರುವಷ್ಟು ಕಾಲ ಸಾವಿನ ಅಪಾಯ ಸುಮಾರು ಅರ್ಧಕ್ಕೆ ಇಳಿಯುತ್ತದೆ. ಸರಿಯಾಗಿ ಎದ್ದು ಕೆಲಸಕ್ಕೆ ಹೋಗುವ ಹುಡುಗನನ್ನು ಚಟಗಾರ ಅನ್ನುವುದು ಹೇಗೆ? ಇದನ್ನು ಬೇಗ ನಿಲ್ಲಿಸಿದರೆ ಮತ್ತೆ ಹಳೇ ದಾರಿ ಹಿಡಿಯುವ ಸಂಭವ ಜಾಸ್ತಿ. ಬ್ಯುಪ್ರಿನಾರ್ಫಿನ್ ಜೊತೆ ನಿದ್ದೆ ಮಾತ್ರೆ, ಹೆಂಡ ಸೇರಿದರೆ ಅಲ್ಲೂ ಅಪಾಯ ಇದ್ದೇ ಇದೆ. ಮೆಥಡೋನ್ ಇನ್ನೊಂದು ದಾರಿ, ನಮ್ಮಲ್ಲಿ ಎಲ್ಲ ಕಡೆ ಸಿಗುವುದಿಲ್ಲ.

ನಾಲ್‌ಟ್ರೆಕ್ಸೋನ್ ಮೂರನೆಯದು. ಅದು ಒಪಿಯಾಯ್ಡ್ ಕೂರುವ ಜಾಗವನ್ನೇ ಮುಚ್ಚುತ್ತದೆ. ಈಗ ಅವನ ಮೈಯಲ್ಲಿ ಒಪಿಯಾಯ್ಡ್ ಇಲ್ಲದಿರುವುದರಿಂದ ಕೊಡಬಹುದಾದ ಔಷಧಿಯೇ. ಆದರೆ ಗುಟ್ಟಾಗಿ ಏನಾದರೂ ತಗೊಂಡಿದ್ದರೆ ಅದು ಜೋರಾದ ವಿತ್‌ಡ್ರಾವಲ್, ಅಂದರೆ ಔಷಧಿ ದಿಢೀರ್ ನಿಂತಾಗ ಆಗುವ ಒದ್ದಾಟ ತರಿಸುತ್ತದೆ. ಮಾತ್ರೆ ತಪ್ಪಿಸಿ ಮತ್ತೆ ಚುಚ್ಚಿಕೊಂಡರೆ ಓವರ್‌ಡೋಸ್ ಅಪಾಯ ಅಷ್ಟೇ ಇರುತ್ತದೆ. ಯಾವುದು ಸರಿ ಎಂದು ಅವನನ್ನು ನೋಡಿದ ವೈದ್ಯರೇ ಹೇಳಬೇಕು. ಹೊಸೂರು ರಸ್ತೆಯ ನಿಮ್ಹಾನ್ಸ್‌ನಲ್ಲಿ ಇದಕ್ಕೆಂದೇ ಸೆಂಟರ್ ಫಾರ್ ಅಡಿಕ್ಷನ್ ಮೆಡಿಸಿನ್ ಇದೆ. ಈ ವಾರವೇ ಕರೆದುಕೊಂಡು ಹೋಗಿ. ಅದಕ್ಕೂ ಮೊದಲು ಮಾತಾಡಬೇಕು ಅನ್ನಿಸಿದರೆ 14446 ವ್ಯಸನಮುಕ್ತಿ ಸಹಾಯವಾಣಿ ಇದೆ. ಟೆಲಿ ಮಾನಸ್ 14416ರಲ್ಲಿ ಹಗಲು ರಾತ್ರಿ ಕನ್ನಡದಲ್ಲೇ ಮಾತಾಡಬಹುದು. ಎರಡಕ್ಕೂ ದುಡ್ಡಿಲ್ಲ. ಪೊಲೀಸ್ ಭಯ ಇದ್ದರೆ ಒಂದು ಮಾತು: ಸಣ್ಣ ಪ್ರಮಾಣದ ಪ್ರಕರಣದಲ್ಲಿ ಸಿಕ್ಕಿದ ವ್ಯಸನಿ ತಾನಾಗಿ ಚಿಕಿತ್ಸೆಗೆ ಬಂದರೆ ಮೊಕದ್ದಮೆಯಿಂದ ರಕ್ಷಣೆ ಕೊಡುವ ಕಲಂ ಎನ್‌ಡಿಪಿಎಸ್ ಕಾಯ್ದೆಯಲ್ಲೇ ಇದೆ, 64ಎ.

ಮಾತ್ರೆ ಎಲ್ಲಿಡಬೇಕು? ಬೀರುವಿನ ಒಳಗಿನ ಲಾಕರ್‌ನಲ್ಲಿ, ಒಡವೆ ಇಡುವ ಕಡೆ. ಬೀಗದ ಕೈ ನಿಮ್ಮ ಮೈಮೇಲೆ ಇರಲಿ, ಮೊಳೆಗೆ ನೇತುಹಾಕಬೇಡಿ. ದಿಂಬಿನ ಕೆಳಗೆ, ಫ್ರಿಜ್ ಮೇಲೆ, ದೇವರ ಗೂಡಿನಲ್ಲಿ ಬೇಡ. ಒಂದು ಹೊತ್ತಿನದನ್ನು ಮಾತ್ರ ತೆಗೆದು, ಅಮ್ಮ ನುಂಗುವವರೆಗೆ ಎದುರಿಗೇ ನಿಂತಿರಿ. ಒಂದು ತಿಂಗಳಿನದು ಒಟ್ಟಿಗೆ ತರುವ ಬದಲು ವಾರದ್ದೋ ಎರಡು ವಾರದ್ದೋ ಕೊಡಿ ಅಂತ ಆಸ್ಪತ್ರೆಯಲ್ಲಿ ಕೇಳಿ, ಕಾರಣ ಹೇಳಿದರೆ ಅರ್ಥ ಮಾಡಿಕೊಳ್ಳುತ್ತಾರೆ. ಅಮ್ಮನಿಗೆ ಆಲ್‌ಪ್ರಜೋಲಮ್, ಕ್ಲೋನಜಪಾಮ್, ಪ್ರಿಗ್ಯಾಬಲಿನ್ ಇಂಥ ಮಂಪರು ತರುವ ಮಾತ್ರೆಗಳನ್ನು ಬರೆದಿದ್ದರೆ ಅವೂ ಅದೇ ಲಾಕರ್‌ಗೆ ಹೋಗಲಿ. ಒಪಿಯಾಯ್ಡ್ ಸಾವುಗಳಲ್ಲಿ ಅನೇಕ ಸಲ ಅದೊಂದೇ ಇರುವುದಿಲ್ಲ. ಜೊತೆಗೆ ನಿದ್ದೆ ಮಾತ್ರೆಯೋ ಹೆಂಡವೋ ಇರುತ್ತದೆ. ಡೋಸು ಬದಲಾಗಿ ಮಾತ್ರೆ ಮಿಕ್ಕರೆ ಕೊಟ್ಟ ಆಸ್ಪತ್ರೆಗೇ ವಾಪಸ್ ಕೊಡಿ. ಚೀಟಿ ಮತ್ತು ಆಸ್ಪತ್ರೆಯ ಕಾರ್ಡು ಮಾತ್ರೆಯ ಜೊತೆಗೇ ಇರಲಿ, ನಿಮ್ಮ ಹತ್ತಿರ ಮಾರ್ಫಿನ್ ಇರುವುದು ಕಾನೂನುಬದ್ಧ ಎಂದು ಹೇಳುವ ದಾಖಲೆ ಅದು.

ಯಾರಾದರೂ ಜಾಸ್ತಿ ತಗೊಂಡರೆ

ಮೂರು ಗುರುತು ನೆನಪಿಡಿ. ಎಬ್ಬಿಸಿದರೆ ಏಳುವುದಿಲ್ಲ. ಉಸಿರು ತೀರಾ ನಿಧಾನ, ಅಥವಾ ಗೊರಗೊರ ಎಂದು ಎಳೆದಂಥ ಗೊರಕೆ. ಕಣ್ಣಿನ ಪಾಪೆ ಸೂಜಿಮೊನೆಯಷ್ಟು. ತುಟಿ, ಉಗುರು ನೀಲಿಗಟ್ಟಿದರೆ ಹೊತ್ತು ಮೀರುತ್ತಿದೆ ಎಂದರ್ಥ. ಉಸಿರು ಎಣಿಸುವುದನ್ನು ಇವತ್ತೇ ಅಭ್ಯಾಸ ಮಾಡಿ. ಮಲಗಿದವರ ಹೊಟ್ಟೆಯ ಮೇಲೆ ಹಗುರವಾಗಿ ಕೈ ಇಟ್ಟು, ಮೊಬೈಲ್‌ನಲ್ಲಿ ಒಂದು ನಿಮಿಷ ನೋಡಿ. ಏರಿ ಇಳಿದರೆ ಒಂದು. ಆರಾಮಾಗಿರುವ ದೊಡ್ಡವರಿಗೆ 12ರಿಂದ 20 ಬರುತ್ತದೆ. ಕರೆದರೂ ಏಳದವರಲ್ಲಿ ಅದು 8ಕ್ಕಿಂತ ಕಮ್ಮಿ ಇದ್ದರೆ ತುರ್ತು. ಆದರೆ ಏಳದೆ ಬಿದ್ದಿರುವ ತಮ್ಮನ ಮುಂದೆ ಒಂದು ನಿಮಿಷ ಎಣಿಸುತ್ತಾ ಕೂರಬೇಡಿ, ನೇರ ಕೆಲಸಕ್ಕೆ ಇಳಿಯಿರಿ.

ಭುಜ ಅಲುಗಾಡಿಸಿ ಜೋರಾಗಿ ಹೆಸರು ಕರೆಯಿರಿ. ಮುಷ್ಟಿಯ ಗೆಣ್ಣುಗಳಿಂದ ಎದೆಮೂಳೆಯನ್ನು ಗಟ್ಟಿಯಾಗಿ ಉಜ್ಜಿ. ಏಳದಿದ್ದರೆ 108ಕ್ಕೆ ಫೋನ್ ಮಾಡಿ, ಸ್ಪೀಕರ್‌ಗೆ ಹಾಕಿ ಪಕ್ಕದಲ್ಲಿಡಿ. ಬಾಯಲ್ಲಿ ಮಾತ್ರೆ, ವಾಂತಿ ಇದ್ದರೆ ತೆಗೆಯಿರಿ. ಅಂಗಾತ ಮಲಗಿಸಿ, ಗದ್ದ ಎತ್ತಿ ತಲೆ ಹಿಂದಕ್ಕೆ ಬಾಗಿಸಿ. ಉಸಿರು ನಿಂತಿದ್ದರೆ ಅಥವಾ ಎಲ್ಲೋ ಒಂದು ಬರುತ್ತಿದ್ದರೆ ಮೂಗು ಹಿಡಿದು, ಬಾಯಿಗೆ ಬಾಯಿಟ್ಟು, ಸುಮಾರು 5 ಸೆಕೆಂಡಿಗೊಂದು ಉಸಿರು ಊದಿ, ಪ್ರತಿ ಸಲ ಎದೆ ಏರಬೇಕು. ಮೈ ಪೂರ್ತಿ ಸ್ತಬ್ಧವಾಗಿ ಜೀವವೇ ಇಲ್ಲ ಅನ್ನಿಸಿದರೆ ಎದೆ ಒತ್ತುವುದನ್ನೂ ಸೇರಿಸಿ, 108ರವರು ಫೋನಿನಲ್ಲೇ ಹೇಳಿಕೊಡುವುದನ್ನು ಕೇಳಿ. ನಾಲ್ಕೈದು ನಿಮಿಷ ಆಮ್ಲಜನಕ ಸಿಗದಿದ್ದರೆ ಮಿದುಳಿಗೆ ಪೆಟ್ಟು ಶುರು. ನಮ್ಮ ಊರಿನ ಟ್ರಾಫಿಕ್‌ನಲ್ಲಿ ಆಂಬ್ಯುಲೆನ್ಸ್ ಅಷ್ಟರಲ್ಲಿ ಬರುವುದಿಲ್ಲ. ಆ ಹೊತ್ತಿನಲ್ಲಿ ಜೀವ ಉಳಿಸುವುದು ನೀವು ಊದುವ ಉಸಿರು. ಉಸಿರು ಚೆನ್ನಾಗಿದ್ದು ಪ್ರಜ್ಞೆ ಮಾತ್ರ ಇಲ್ಲದಿದ್ದರೆ ಮಗ್ಗುಲಿಗೆ ತಿರುಗಿಸಿ, ವಾಂತಿ ಬಂದರೂ ಶ್ವಾಸಕ್ಕೆ ಹೋಗುವುದಿಲ್ಲ. ಬಿಟ್ಟು ಆಚೆ ಹೋಗಬೇಡಿ.

ನಿಂಬೆರಸ, ಉಪ್ಪುನೀರು, ಮಜ್ಜಿಗೆ, ಕಾಫಿ ಯಾವುದನ್ನೂ ಬಾಯಿಗೆ ಹಾಕಬೇಡಿ, ಶ್ವಾಸಕೋಶಕ್ಕೆ ಇಳಿಯುತ್ತದೆ. ತಣ್ಣೀರು ಸುರಿಯುವುದು, ಈರುಳ್ಳಿ ಮೂಸಿಸುವುದು, ಕೈಗೆ ಕಬ್ಬಿಣ ಕೊಡುವುದು, ಇದರಲ್ಲೆಲ್ಲ ನಿಮಿಷಗಳು ಕಳೆದುಹೋಗುತ್ತವೆ. ‘ಮತ್ತು ಇಳಿಯಲಿ, ಮಲಗಲಿ ಬಿಡಿ’ ಎಂದು ಬಾಗಿಲು ಹಾಕಿಕೊಂಡು ಬರುವುದು ಎಲ್ಲಕ್ಕಿಂತ ಕೆಟ್ಟದ್ದು.

ನ್ಯಾಲಾಕ್ಸೋನ್ ಒಪಿಯಾಯ್ಡನ್ನು ಅದು ಕೂತ ಜಾಗದಿಂದ ತಳ್ಳಿ ಎಬ್ಬಿಸುವ ಔಷಧಿ. ಅಮೆರಿಕದಲ್ಲಿ ಮೂಗಿಗೆ ಹೊಡೆಯುವ ಸ್ಪ್ರೇ 2023ರಿಂದ ಚೀಟಿಯಿಲ್ಲದೆ ಅಂಗಡಿಯಲ್ಲಿ ಸಿಗುತ್ತದೆ. ನಮ್ಮಲ್ಲಿ ಸಾಮಾನ್ಯವಾಗಿ ಇರುವುದು 0.4 ಮಿಲಿಗ್ರಾಂನ ಇಂಜೆಕ್ಷನ್, ವೈದ್ಯರ ಚೀಟಿ ಬೇಕು. ತೊಡೆಯ ಮಾಂಸಕ್ಕೆ ಕೊಟ್ಟರೂ ಕೆಲವೇ ನಿಮಿಷದಲ್ಲಿ ಕೆಲಸ ಶುರು. ಓವರ್‌ಡೋಸ್ ಕಣ್ಣೆದುರು ನಡೆಯುವ ಸಂಭವ ಇರುವ ಮನೆಯವರ ಕೈಯಲ್ಲಿ ಇದು ಇರಬೇಕು ಎಂದು ವಿಶ್ವ ಆರೋಗ್ಯ ಸಂಸ್ಥೆ 2014ರಲ್ಲೇ ಹೇಳಿದೆ. ಆದ್ದರಿಂದ ತಮ್ಮನನ್ನು ಅಡಿಕ್ಷನ್ ವಿಭಾಗಕ್ಕೆ ಕರೆದೊಯ್ದಾಗ, ಇದನ್ನು ಬರೆದುಕೊಟ್ಟು ಹಾಕುವುದು ಹೇಗೆ ಅಂತ ಹೇಳಿಕೊಡಿ ಎಂದು ನೀವೇ ಕೇಳಿ. ಕೇಳಲು ಹಿಂಜರಿಯಬೇಡಿ.

ಅದರ ಮಿತಿಗಳೂ ಗೊತ್ತಿರಲಿ. ಅದರ ಕೆಲಸ 30ರಿಂದ 90 ನಿಮಿಷ. ಒಳಗಿರುವ ಒಪಿಯಾಯ್ಡ್ ಅದಕ್ಕಿಂತ ಹೆಚ್ಚು ಹೊತ್ತು ಇರುತ್ತದೆ. ಎದ್ದು ಕೂತು ಮಾತಾಡಿದವರು ಮತ್ತೆ ಮಂಪರಿಗೆ ಜಾರಿ ಉಸಿರು ನಿಲ್ಲಬಹುದು. ಎದ್ದರೂ ಆಸ್ಪತ್ರೆಗೆ ಹೋಗಲೇಬೇಕು. ಅಲ್ಲಿ ಗಂಟೆಗಟ್ಟಲೆ ಕಾಯಿಸಿ ನೋಡುತ್ತಾರೆ, ಬೇಕಾದರೆ ಡ್ರಿಪ್‌ನಲ್ಲಿ ನ್ಯಾಲಾಕ್ಸೋನ್ ಕೊಡುತ್ತಾರೆ, ಉಸಿರಾಟಕ್ಕೆ ಆಸರೆ ಕೊಡುತ್ತಾರೆ. ಎದ್ದವನು ವಾಂತಿ ಮಾಡಬಹುದು, ಸಿಟ್ಟಾಗಬಹುದು. ಆ ಕಷ್ಟ ತಡೆಯಲಾರದೆ ಮತ್ತೆ ತಗೊಳ್ಳಲು ಹೊರಟರೆ ತಡೆಯಿರಿ. ನಿದ್ದೆ ಮಾತ್ರೆ, ಹೆಂಡದ ಮತ್ತಿಗೆ ಇದು ಕೆಲಸ ಮಾಡುವುದಿಲ್ಲ, ಆದರೆ ಕೊಟ್ಟರೆ ಹಾನಿಯೂ ಇಲ್ಲ. ಟ್ರಮಡಾಲ್ ಜಾಸ್ತಿಯಾದರೆ ಫಿಟ್ಸ್ ಬರಬಹುದು, ಅದನ್ನೂ ಇದು ನಿಲ್ಲಿಸುವುದಿಲ್ಲ. ಏನು ತಗೊಂಡಿದ್ದ ಎಂದು ವೈದ್ಯರಿಗೆ ಮುಚ್ಚಿಡಬೇಡಿ. ಆಸ್ಪತ್ರೆಯವರು ಎಂಎಲ್‌ಸಿ, ಅಂದರೆ ಪೊಲೀಸರಿಗೆ ತಿಳಿಸುವ ದಾಖಲೆ ಬರೆಯಬಹುದು. ಆ ಭಯಕ್ಕೆ ಮನೆಯಲ್ಲೇ ಇಟ್ಟುಕೊಂಡು ಹತ್ತು ನಿಮಿಷ ಕಳೆಯಬೇಡಿ.

ಈ ಇಂಜೆಕ್ಷನ್ ಅಮ್ಮನಿಗಲ್ಲ ಎನ್ನುವುದು ಸ್ಪಷ್ಟವಾಗಿರಲಿ. ದಿನಾ ಮಾರ್ಫಿನ್ ತಗೊಳ್ಳುವ ಕ್ಯಾನ್ಸರ್ ರೋಗಿಗೆ ಪೂರ್ತಿ ಆಂಪೂಲ್ (ಇಂಜೆಕ್ಷನ್‌ನ ಪುಟ್ಟ ಗಾಜಿನ ಸೀಸೆ) ಕೊಟ್ಟರೆ ಅದುಮಿಟ್ಟಿದ್ದ ನೋವೆಲ್ಲ ಒಂದೇ ಕ್ಷಣದಲ್ಲಿ ಮರಳಿ ಬರುತ್ತದೆ. ಅದು ಭಯಂಕರ. ಅಮ್ಮನಿಗೆ ಮಂಪರು ಜಾಸ್ತಿಯಾಗಿದೆ, ಆದರೆ ಕರೆದಾಗ ಕಣ್ಣು ಬಿಡುತ್ತಾರೆ, ಉಸಿರು 8ಕ್ಕಿಂತ ಕಮ್ಮಿ ಇಲ್ಲ ಅಂದರೆ ಮುಂದಿನ ಮಾರ್ಫಿನ್ ಡೋಸ್ ಕೊಡದೆ ಡಾಕ್ಟರಿಗೆ ಫೋನ್ ಮಾಡಿ. ಏಳುವುದೇ ಇಲ್ಲ ಅಂದರೆ ಆಸ್ಪತ್ರೆ. ಅಲ್ಲಿ ನಾವು ನ್ಯಾಲಾಕ್ಸೋನನ್ನು ಸಲೈನಿನಲ್ಲಿ ತೆಳು ಮಾಡಿ ಸ್ವಲ್ಪ ಸ್ವಲ್ಪವೇ ಕೊಡುತ್ತೇವೆ. ಉಸಿರು ಸರಿಯಾದರೆ ಸಾಕು, ನೋವು ಏಳಬಾರದು. ಮುಂದೆ ಯಾವತ್ತೋ, ಕಾಯಿಲೆಯೇ ಕೊನೆಯ ಹಂತಕ್ಕೆ ಬಂದಾಗ, ಉಸಿರು ತಾನಾಗಿಯೇ ನಿಧಾನವಾಗುತ್ತದೆ. ಅದು ಓವರ್‌ಡೋಸ್ ಅಲ್ಲ. ಆಗ ಏನು ಮಾಡಬೇಕು ಎನ್ನುವುದನ್ನು ನಿಮ್ಮ ಪ್ಯಾಲಿಯೇಟಿವ್ ಕೇರ್ (ನೋವು, ನರಳಾಟ ಕಮ್ಮಿ ಮಾಡುವ ಆರೈಕೆ) ತಂಡದ ಜೊತೆ ಮೊದಲೇ ಮಾತಾಡಿಟ್ಟುಕೊಳ್ಳಿ. ಮನೆಯಲ್ಲಿ ನೋಡಿಕೊಳ್ಳುವುದು ಕೈ ಮೀರಿತು ಅನ್ನಿಸಿದರೆ ಮಾರತ್ತಹಳ್ಳಿ ಬಳಿ ಕರುಣಾಶ್ರಯ ಇದೆ, ಇಂಥ ಕ್ಯಾನ್ಸರ್ ರೋಗಿಗಳನ್ನು ದುಡ್ಡಿಲ್ಲದೆ ಇಟ್ಟುಕೊಂಡು ನೋಡಿಕೊಳ್ಳುತ್ತಾರೆ.

ಇನ್ನು ಉಳಿದದ್ದು ನಿಮ್ಮ ಕೊನೆಯ ಪ್ರಶ್ನೆ. ತಮ್ಮನಿಗೆ ಹೇಳಿ. ಎರಡು ರೂಮಿನ ಮನೆಯಲ್ಲಿ ಗುಟ್ಟು ನಿಲ್ಲುವುದಿಲ್ಲ. ಅವನೇ ಹುಡುಕಿ ಕಂಡುಕೊಂಡರೆ, ಅಕ್ಕ ನನ್ನನ್ನು ಕಳ್ಳನ ಹಾಗೆ ನೋಡುತ್ತಿದ್ದಾಳೆ ಅನ್ನಿಸುತ್ತದೆ. ಅಮ್ಮ ಮಲಗಿರುವಾಗ, ಭಾವ ಇಲ್ಲದ ಹೊತ್ತಿನಲ್ಲಿ ಕೂರಿಸಿ ಮಾತಾಡಿ. ಅಮ್ಮನಿಗೆ ಯಾವ ಮಾತ್ರೆ ಕೊಡುತ್ತಿದ್ದೀರಿ, ಬೀಗ ಯಾಕೆ ಹಾಕಿದ್ದೀರಿ ಎಂದು ಬಿಡಿಸಿ ಹೇಳಿ. ‘ನಿನ್ನ ಮೈ ಈಗ ಮೊದಲಿನ ಹಾಗಿಲ್ಲ, ಹಳೇ ಅಳತೆ ತಗೊಂಡರೆ ಸತ್ತುಹೋಗ್ತೀಯ’ ಎಂದು ಅದೇ ಮಾತಿನಲ್ಲಿ ಹೇಳಿ. ಹೀಗೆ ಹೇಳಿದರೆ ಆಸೆ ಹುಟ್ಟಿಸಿದಂತೆ ಆಗುವುದಿಲ್ಲ, ಎಷ್ಟೋ ಹುಡುಗರಿಗೆ ಈ ವಿಷಯ ಗೊತ್ತೇ ಇರುವುದಿಲ್ಲ. ಆಸೆ ತಡೆಯೋಕೆ ಆಗದ ದಿನ ಬಂದರೆ ರಾತ್ರಿ ಎಷ್ಟೊತ್ತಾದರೂ ನನ್ನನ್ನು ಎಬ್ಬಿಸು, ಬೈಯಲ್ಲ ಅನ್ನಿ. ಮಾತ್ರೆಯ ಜವಾಬ್ದಾರಿ ಮಾತ್ರ ಅವನಿಗೆ ಕೊಡಬೇಡಿ, ಒಂದು ದಿನಕ್ಕೂ ಬೇಡ. ಅಮ್ಮನ ಕಾಲು ಒತ್ತುವುದು, ಆಸ್ಪತ್ರೆಗೆ ಆಟೊ ಮಾಡಿ ಕರೆದೊಯ್ಯುವುದು, ರಾತ್ರಿ ಮಗ್ಗುಲು ತಿರುಗಿಸುವುದು, ಇದನ್ನೆಲ್ಲ ಅವನೂ ಹಂಚಿಕೊಳ್ಳಲಿ. ನೀವು ಇಲ್ಲದ ಹೊತ್ತಿಗೆ ಬೀಗದ ಕೈ ಚಿಕ್ಕಮ್ಮನ ಹತ್ತಿರವೋ ನಂಬುವ ಪಕ್ಕದ ಮನೆಯವರ ಹತ್ತಿರವೋ ಇರಲಿ, ಯಾರ ಹತ್ತಿರ ಇದೆ ಎನ್ನುವುದು ಅವನಿಗೂ ಗೊತ್ತಿರಲಿ.